ನಟನೊಬ್ಬ ಕ್ರೀಡಾ ಡಾಕ್ಯುಮೆಂಟರಿ ಮಾಡಿದಾಗ: ಫಿಷರ್ ಸ್ಟೀವನ್ಸ್, ಬೆಕ್‌ಹ್ಯಾಮ್ ಮತ್ತು ನಮ್ಮ ಆಟಗಾರರು

ಕಡೇ ಬೆಂಚು:

ನೆಟ್‌ಫ್ಲಿಕ್ಸ್‌ನಲ್ಲಿ 2023ರ ಅಕ್ಟೋಬರ್‌ನಲ್ಲಿ ಬಂದ 'ಬೆಕ್‌ಹ್ಯಾಮ್' ಸರಣಿಯನ್ನು, ಅಂದರೆ ಇಂಗ್ಲೆಂಡಿನ ಫುಟ್‌ಬಾಲ್ ಆಟಗಾರ ಡೇವಿಡ್ ಬೆಕ್‌ಹ್ಯಾಮ್ ಬಗೆಗಿನ ಡಾಕ್ಯುಮೆಂಟರಿಯನ್ನು, ನಿಮ್ಮಲ್ಲಿ ತುಂಬಾ ಜನ ನೋಡಿರುತ್ತೀರಿ. ನಾಲ್ಕೇ ಕಂತು. ಮರುವರ್ಷ ಅದಕ್ಕೆ ಎಮ್ಮಿ ಪ್ರಶಸ್ತಿಯೂ ಬಂತು. ಬೆಕ್‌ಹ್ಯಾಮ್ ಬಗ್ಗೆ ಎಲ್ಲರೂ ಮಾತಾಡಿದರು. ಅದನ್ನು ಮಾಡಿದವರ ಬಗ್ಗೆ ಮಾತಾಡೋಣ ಅಂತ ಈ ಚರ್ಚೆ ಶುರು ಮಾಡುತ್ತಿದ್ದೇನೆ.

ನಿರ್ದೇಶಕರ ಹೆಸರು ಫಿಷರ್ ಸ್ಟೀವನ್ಸ್. ಮೂಲತಃ ನಟ. 1963ರಲ್ಲಿ ಷಿಕಾಗೋದಲ್ಲಿ ಹುಟ್ಟಿದವರು. 1995ರ 'ಹ್ಯಾಕರ್ಸ್' ಚಿತ್ರದ ವಿಲನ್ ಇವರೇ. ಈಗಿನವರಿಗೆ 'ಸಕ್ಸೆಷನ್' ಸರಣಿಯ ಹ್ಯೂಗೋ ಅಂದರೆ ತಟ್ಟನೆ ಮುಖ ಹೊಳೆಯುತ್ತದೆ.

ನಟನೆಯಿಂದ ಇಲ್ಲಿಗೆ ಒಂದೇ ನೆಗೆತದಲ್ಲಿ ಬಂದವರಲ್ಲ. 2002ರಲ್ಲಿ ಮೊದಲ ಸಿನಿಮಾ ನಿರ್ದೇಶಿಸಿದರು. 2007ರಲ್ಲಿ ಇನ್ನೊಬ್ಬ ನಿರ್ದೇಶಕರ ಜೊತೆ ಸೇರಿ ಡಾಕ್ಯುಮೆಂಟರಿಗೆ ಕೈ ಹಾಕಿದರು. ಜಪಾನಿನ ತೈಜಿಯಲ್ಲಿ ನಡೆಯುವ ಡಾಲ್ಫಿನ್ ಬೇಟೆಯನ್ನು ಬಯಲಿಗೆಳೆದ 'ದ ಕೋವ್' ಚಿತ್ರದ ನಿರ್ಮಾಪಕರಲ್ಲಿ ಒಬ್ಬರಾಗಿ 2010ರಲ್ಲಿ ಆಸ್ಕರ್ ಪಡೆದರು. 2016ರಲ್ಲಿ ಲಿಯೊನಾರ್ಡೊ ಡಿಕಾಪ್ರಿಯೊ ಜೊತೆ ಹವಾಮಾನ ಬದಲಾವಣೆ ಬಗ್ಗೆ ಚಿತ್ರ. ಆಟಕ್ಕೆ ಬಂದದ್ದು 2019ರಲ್ಲಿ. ಮಾಲ್ಕಂ ವೆನ್‌ವಿಲ್ ಜೊತೆ ಫಾರ್ಮುಲಾ ಇ ಬಗ್ಗೆ, ಅಂದರೆ ಎಲೆಕ್ಟ್ರಿಕ್ ಕಾರುಗಳ ರೇಸ್ ಬಗ್ಗೆ ಒಂದು ಡಾಕ್ಯುಮೆಂಟರಿ. ಆಮೇಲೆ ಬೆಕ್‌ಹ್ಯಾಮ್.

ನಾನು ಹೇಳಬೇಕು ಅಂದುಕೊಂಡಿದ್ದು ಇಷ್ಟೇ. ನಟ ಆಗಿದ್ದಕ್ಕೇ ಈ ಸರಣಿ ಹೀಗೆ ಬಂದಿದೆ. ಫುಟ್‌ಬಾಲ್ ಪಂಡಿತರು ಮಾಡಿದ್ದರೆ ಹೀಗೆ ಬರುತ್ತಿರಲಿಲ್ಲ.

1998ರ ವಿಶ್ವಕಪ್ ಭಾಗ ನೆನಪಿಸಿಕೊಳ್ಳಿ. ಅರ್ಜೆಂಟೀನಾ ವಿರುದ್ಧ ಬೆಕ್‌ಹ್ಯಾಮ್ ಕೆಳಗೆ ಬಿದ್ದಿದ್ದಾರೆ. ಮಲಗಿದಲ್ಲಿಂದಲೇ ಎದುರಾಳಿ ಆಟಗಾರ ಸಿಮಿಯೋನಿಗೆ ಕಾಲು ತಾಗಿಸುತ್ತಾರೆ. ರೆಡ್ ಕಾರ್ಡ್. ಇಂಗ್ಲೆಂಡ್ ಪೆನಾಲ್ಟಿಯಲ್ಲಿ ಸೋಲುತ್ತದೆ. 23 ವರ್ಷದ ಹುಡುಗನ ಮೇಲೆ ಇಡೀ ದೇಶ ತಿರುಗಿ ಬೀಳುತ್ತದೆ. ಲಂಡನ್ನಿನ ಒಂದು ಪಬ್ಬಿನ ಮುಂದೆ ಅವರ ಪ್ರತಿಕೃತಿಯನ್ನು ನೇಣಿಗೆ ಹಾಕುತ್ತಾರೆ. ಇದೆಲ್ಲ ನಮಗೆ ಮೊದಲೇ ಗೊತ್ತು. ಸ್ಟೀವನ್ಸ್ ಏನು ಮಾಡುತ್ತಾರೆ? ಹಳೇ ಫುಟೇಜನ್ನು ಬೆಕ್‌ಹ್ಯಾಮ್ ಮುಂದೆ ಹಾಕಿ, ಅದನ್ನು ನೋಡುತ್ತಿರುವ ಅವರ ಮುಖದ ಮೇಲೆ ಕ್ಯಾಮೆರಾ ಇಡುತ್ತಾರೆ. ಮಾತಿಲ್ಲ. ಆ ಮುಖದಲ್ಲಿ ಏನೇನು ಹಾದುಹೋಗುತ್ತದೆಯೋ ಅದೇ ದೃಶ್ಯ. ಜೊತೆಗೆ ಆಡಿದವರು, ಎದುರಾಳಿಗಳು ಎಲ್ಲರಿಗೂ ಇದೇ ಉಪಾಯ.

ಎದುರಿನವರು ಮಾತಾಡುವಾಗ ಸುಮ್ಮನೆ ಕೇಳುತ್ತಾ ನಿಲ್ಲುವುದು ನಟನಿಗೆ ಬಹಳ ಕಷ್ಟದ ಕೆಲಸ. ಅದನ್ನು ವರ್ಷಗಟ್ಟಲೆ ಮಾಡಿದವರಿಗೆ ಮುಖ ಯಾವಾಗ ನಿಜ ಹೇಳುತ್ತದೆ, ಯಾವಾಗ ನಟಿಸುತ್ತದೆ ಅನ್ನುವುದು ಗೊತ್ತಿರುತ್ತದೆ.

ಇನ್ನು ನನ್ನ ಪ್ರಶ್ನೆ. ನಮ್ಮ ಆಟಗಾರರ ಬಗ್ಗೆ ಇಂಥ ಕೆಲಸ ಕನ್ನಡದಲ್ಲಿ ಯಾಕೆ ಆಗಿಲ್ಲ? ಯಾರು ಮಾಡಬಹುದು?

ಶಿರಸಿ ಮಳೆ:

ಒಳ್ಳೆ ವಿಷಯ ತೆಗೆದಿದ್ದೀರಿ. ಒಂದು ಸಂಗತಿ ಸೇರಿಸಲೇಬೇಕು. ಈ ಸ್ಟೀವನ್ಸ್ ಅವರೇ 1986ರ 'ಶಾರ್ಟ್ ಸರ್ಕ್ಯೂಟ್' ಚಿತ್ರದಲ್ಲಿ ಮುಖಕ್ಕೆ ಕಂದು ಬಣ್ಣ ಬಳಿದುಕೊಂಡು ಭಾರತೀಯ ವಿಜ್ಞಾನಿ ಪಾತ್ರ ಮಾಡಿದ್ದರು. 1988ರ ಎರಡನೇ ಭಾಗದಲ್ಲಿ ಅದೇ ಮುಖ್ಯ ಪಾತ್ರ. ತಮಿಳು ಮೂಲದ ಅಮೆರಿಕನ್ ನಟ ಅಜೀಜ್ ಅನ್ಸಾರಿ ಚಿಕ್ಕಂದಿನಲ್ಲಿ ಅದನ್ನು ನೋಡಿ, ತೆರೆ ಮೇಲೆ ನಮ್ಮವನೊಬ್ಬ ಇದ್ದಾನಲ್ಲ ಅಂತ ಖುಷಿಪಟ್ಟಿದ್ದರಂತೆ. ಆಮೇಲೆ ಅದು ಬಿಳಿಯ ನಟ ಅಂತ ತಿಳಿಯಿತು. 2015ರಲ್ಲಿ ಅನ್ಸಾರಿ ಸ್ಟೀವನ್ಸ್ ಅವರನ್ನೇ ಹುಡುಕಿ ಮಾತಾಡಿಸಿ, ನ್ಯೂಯಾರ್ಕ್ ಟೈಮ್ಸ್‌ನಲ್ಲಿ ಇದರ ಬಗ್ಗೆ ಬರೆದರು. ಈಗ ಆ ಪಾತ್ರ ಮಾಡುವುದಿಲ್ಲ ಅನ್ನುವ ಮಾತನ್ನು ಸ್ಟೀವನ್ಸ್ ಹೇಳಿದ್ದಾರೆ.

ಇದನ್ನು ಕೆದಕಲು ಹೇಳುತ್ತಿಲ್ಲ. ಇನ್ನೊಬ್ಬರ ಬದುಕನ್ನು ಬಣ್ಣ ಬಳಿದು ತೋರಿಸುವುದಕ್ಕೂ, ಅವರನ್ನೇ ಕೂರಿಸಿ ಅವರ ಬಾಯಲ್ಲೇ ಕೇಳುವುದಕ್ಕೂ ಎಷ್ಟು ದೂರ ಇದೆ ನೋಡಿ. ಆ ದೂರವನ್ನು ಒಬ್ಬನೇ ಮನುಷ್ಯ ನಡೆದಿದ್ದಾರೆ. ನನಗೆ ಅದು ದೊಡ್ಡ ವಿಷಯ ಅನಿಸುತ್ತದೆ.

ಎಡಿಟ್ ಟೇಬಲ್:

ನಾನು ಎಡಿಟಿಂಗ್ ಕೆಲಸದಲ್ಲಿ ಇರುವವನು. ಕಡೇ ಬೆಂಚು ಅವರು ಹೇಳಿದ ಮುಖದ ವಿಷಯಕ್ಕೆ ಸ್ವಲ್ಪ ಉದ್ದವಾಗಿ ಬರೆಯುತ್ತೇನೆ, ಬೇಸರ ಮಾಡಿಕೊಳ್ಳಬೇಡಿ.

ಇವತ್ತಿನ ಕ್ರೀಡಾ ಡಾಕ್ಯುಮೆಂಟರಿಯಲ್ಲಿ ಒಂದು ದೊಡ್ಡ ದಾರಿ ಆಸಿಫ್ ಕಪಾಡಿಯಾ ಅವರದು. ಕಾರ್ ರೇಸಿನ ಸೆನ್ನಾ ಬಗ್ಗೆ 2010ರ 'ಸೆನ್ನಾ', ಅರ್ಜೆಂಟೀನಾದ ಫುಟ್‌ಬಾಲ್ ಆಟಗಾರನ ಬಗ್ಗೆ 2019ರ 'ಡಿಯೆಗೊ ಮರಡೋನಾ'. ಅವುಗಳಲ್ಲಿ ಕುರ್ಚಿಯ ಮೇಲೆ ಕೂತು ಮಾತಾಡುವವರು ಕಾಣುವುದೇ ಇಲ್ಲ. ಧ್ವನಿ ಮಾತ್ರ ಕೇಳುತ್ತದೆ. ತೆರೆ ಮೇಲೆ ಪೂರ್ತಿ ಹಳೇ ಫುಟೇಜ್. ಮರಡೋನಾ ಚಿತ್ರಕ್ಕೆ 500 ಗಂಟೆಗೂ ಜಾಸ್ತಿ ಫುಟೇಜ್ ಅವರ ಕೈಯಲ್ಲಿತ್ತು. ನೋಡುವವನು ಆ ಕಾಲದೊಳಗೇ ಇರುತ್ತಾನೆ. ಮುದುಕನಾದ ಮರಡೋನಾ ಬಂದು ಕಥೆ ನಿಲ್ಲಿಸುವುದಿಲ್ಲ.

ಸ್ಟೀವನ್ಸ್ ಇದಕ್ಕೆ ಪೂರ್ತಿ ಉಲ್ಟಾ. ಅವರಿಗೆ ಇವತ್ತಿನ ಮುಖವೇ ಬೇಕು. 1998ರಲ್ಲಿ ಏನಾಯಿತು ಅನ್ನುವುದಕ್ಕಿಂತ, ಇಪ್ಪತ್ತೈದು ವರ್ಷ ಆದಮೇಲೂ ಅದು ಈ ಮನುಷ್ಯನೊಳಗೆ ಎಲ್ಲಿ ಕೂತಿದೆ ಅನ್ನುವುದು ಅವರ ಪ್ರಶ್ನೆ.

ಎಲ್ಲರೂ ಹಂಚಿಕೊಂಡ ಆ ರೋಲ್ಸ್ ರಾಯ್ಸ್ ತುಣುಕು ಇದೆಯಲ್ಲ, ಅದನ್ನೇ ನೋಡಿ. ಬೆಕ್‌ಹ್ಯಾಮ್ ಹೆಂಡತಿ ವಿಕ್ಟೋರಿಯಾ ತಮ್ಮದು ದುಡಿಯುವ ವರ್ಗದ ಮನೆ ಅಂತ ಹೇಳುತ್ತಿದ್ದಾರೆ. ಬಾಗಿಲ ಸಂದಿಯಿಂದ ಗಂಡ ತಲೆ ಹಾಕುತ್ತಾರೆ. ನಿಮ್ಮಪ್ಪ ಯಾವ ಕಾರಲ್ಲಿ ಶಾಲೆಗೆ ಬಿಡುತ್ತಿದ್ದರು ಹೇಳು ಅಂತ ಪೀಡಿಸುತ್ತಾರೆ. ಆಕೆ ತಪ್ಪಿಸಿಕೊಳ್ಳಲು ನೋಡಿ, ಕೊನೆಗೆ ರೋಲ್ಸ್ ರಾಯ್ಸ್ ಅಂತ ಒಪ್ಪಿಕೊಳ್ಳುತ್ತಾರೆ. ಬೇರೆ ನಿರ್ದೇಶಕರು ಏನು ಮಾಡುತ್ತಿದ್ದರು? ಸಂದರ್ಶನ ಕೆಟ್ಟಿತು, ಇನ್ನೊಂದು ಸಲ ಮಾಡೋಣ ಅನ್ನುತ್ತಿದ್ದರು. ಇಲ್ಲಿ ಯಾರೂ ಕ್ಯಾಮೆರಾ ನಿಲ್ಲಿಸಲಿಲ್ಲ. ಯೋಜನೆ ತಪ್ಪಿದಾಗಲೇ ಒಳ್ಳೆಯದು ಬರುತ್ತದೆ ಅಂತ ರಂಗದ ಮೇಲೆ ನಿಂತವರಿಗೆ ಗೊತ್ತಿರುತ್ತದೆ. ಮೂವತ್ತು ಸೆಕೆಂಡಿನ ಆ ತುಣುಕು ಆ ದಾಂಪತ್ಯದ ಬಗ್ಗೆ ಹೇಳುವಷ್ಟನ್ನು ಒಂದು ಗಂಟೆಯ ಸಂದರ್ಶನ ಹೇಳುವುದಿಲ್ಲ.

ಗೂಗ್ಲಿ:

ಎಡಿಟ್ ಟೇಬಲ್ ಸರ್, ಆ ತುಣುಕು ಚೆನ್ನಾಗಿದೆ, ಒಪ್ಪುತ್ತೇನೆ. ಆದರೆ ಮುದ್ದಾದ ತುಣುಕುಗಳೇ ಈ ಸರಣಿಯ ಸಮಸ್ಯೆ ಕೂಡ.

ನಿರ್ಮಾಣ ಸಂಸ್ಥೆಗಳ ಪಟ್ಟಿ ನೋಡಿ. ಅದರಲ್ಲಿ ಸ್ಟುಡಿಯೋ 99 ಇದೆ. ಅದು ಬೆಕ್‌ಹ್ಯಾಮ್ ಅವರದೇ ಕಂಪನಿ. ಅಂದಮೇಲೆ ಯಾರ ಬಗ್ಗೆ ಚಿತ್ರ ಮಾಡುತ್ತಿದ್ದೀರೋ ಅವರ ಮನೆಯಲ್ಲೇ ಕೂತು ಮಾಡಿದ ಹಾಗೆ. 2022ರ ಕತಾರ್ ವಿಶ್ವಕಪ್‌ಗೆ ಅವರು ರಾಯಭಾರಿ ಆದಾಗ ಇಂಗ್ಲೆಂಡಿನಲ್ಲಿ ಎಷ್ಟು ಗಲಾಟೆ ಆಯಿತು! ಆ ಬಗ್ಗೆ ಒಂದು ಕಷ್ಟದ ಪ್ರಶ್ನೆಯೂ ಸರಣಿಯಲ್ಲಿ ಇಲ್ಲ. ಸ್ಪೇನಿನ ರಿಯಲ್ ಮ್ಯಾಡ್ರಿಡ್ ತಂಡಕ್ಕೆ ಆಡುತ್ತಿದ್ದ ದಿನಗಳಲ್ಲಿ ದಾಂಪತ್ಯಕ್ಕೆ ಬಂದ ಕಷ್ಟವನ್ನು ಗಂಡ ಹೆಂಡತಿ ನೋವಿನಿಂದ ಹೇಳುತ್ತಾರೆ, ಆದರೆ ಏನಾಯಿತು ಅನ್ನುವುದರ ಸುತ್ತಲೇ ಸುತ್ತುತ್ತಾರೆ.

2020ರ 'ದ ಲಾಸ್ಟ್ ಡಾನ್ಸ್' ಬಂದಾಗಲೂ ಇದೇ ತಕರಾರು ಎದ್ದಿತ್ತು. ಅದು ಬಾಸ್ಕೆಟ್‌ಬಾಲ್ ಆಟಗಾರ ಮೈಕೆಲ್ ಜೋರ್ಡನ್ ಅವರ ಕಥೆ, ಅವರ ಕಂಪನಿಯೇ ಅದರಲ್ಲಿ ಪಾಲುದಾರ. ಅಮೆರಿಕದ ಹಿರಿಯ ಡಾಕ್ಯುಮೆಂಟರಿ ನಿರ್ದೇಶಕ ಕೆನ್ ಬರ್ನ್ಸ್ ಇದು ಸರಿಯಲ್ಲ ಅಂತ ಬಹಿರಂಗವಾಗಿಯೇ ಹೇಳಿದರು. ಅವರ ಮಾತಿನಲ್ಲಿ ತೂಕ ಇದೆ.

ನಟರ ವಿಷಯದಲ್ಲಿ ಈ ಅಪಾಯ ಇನ್ನೂ ಜಾಸ್ತಿ. ಸ್ಟೀವನ್ಸ್ 'ಸಕ್ಸೆಷನ್'ನಲ್ಲಿ ಮಾಡಿದ ಹ್ಯೂಗೋ ಪಾತ್ರದ ಕೆಲಸ ಏನು? ದೊಡ್ಡ ಮನೆತನದ ಕೆಟ್ಟ ಸುದ್ದಿ ಹೊರಗೆ ಹೋಗದ ಹಾಗೆ ನೋಡಿಕೊಳ್ಳುವುದು. ಖ್ಯಾತರ ಲೋಕ ಒಳಗಿನಿಂದ ಹೇಗೆ ನಡೆಯುತ್ತದೆ ಅಂತ ಇವರಿಗೆ ಚೆನ್ನಾಗಿ ಗೊತ್ತು. ಗೊತ್ತಿದ್ದವರು ಇನ್ನೂ ಗಟ್ಟಿಯಾಗಿ ಕೇಳಬೇಕಿತ್ತು ಅನ್ನುವುದೇ ನನ್ನ ಆಕ್ಷೇಪ.

ಕಡೇ ಬೆಂಚು:

ಗೂಗ್ಲಿ ಅವರೇ, ಕತಾರ್ ವಿಷಯದಲ್ಲಿ ನಿಮ್ಮ ಮಾತಿಗೆ ನನ್ನಲ್ಲಿ ಉತ್ತರ ಇಲ್ಲ. ಅದು ಸರಣಿಯ ದೊಡ್ಡ ಕೊರತೆ. ನಾಲ್ಕು ಕಂತಿನಲ್ಲಿ ಜಾಗ ಇರಲಿಲ್ಲ ಅಂತ ಯಾರೂ ಹೇಳುವ ಹಾಗಿಲ್ಲ.

ಆದರೆ ಒಂದು ಮಾತು. ನಂಬಿಕೆ ಇಲ್ಲದಿದ್ದರೆ ಕೋಚ್ ಸರ್ ಅಲೆಕ್ಸ್ ಫರ್ಗ್ಯುಸನ್, ಜೊತೆ ಆಟಗಾರ ರಾಯ್ ಕೀನ್, ಎದುರಾಳಿ ಸಿಮಿಯೋನಿ ಇವರೆಲ್ಲ ಒಂದೇ ಚಿತ್ರದಲ್ಲಿ ಬಂದು ಕೂರುತ್ತಿದ್ದರಾ? ಬಾಗಿಲು ತೆರೆಯಲು ಬೆಕ್‌ಹ್ಯಾಮ್ ಹೆಸರು ಬೇಕಿತ್ತು. ಒಳಗೆ ಹೋದಮೇಲೆ ಎಷ್ಟು ಕೇಳಬೇಕು ಅನ್ನುವುದು ನಿರ್ದೇಶಕನ ಧೈರ್ಯ. ಸ್ಟೀವನ್ಸ್ ಧ್ವನಿ ಕ್ಯಾಮೆರಾ ಹಿಂದಿನಿಂದ ಕೇಳುತ್ತದೆ, ಗಮನಿಸಿದಿರಾ? ಅವರು ಸುಮ್ಮನೆ ತಲೆ ಆಡಿಸುತ್ತಾ ಕೂತಿಲ್ಲ. ತಿರುಗಿ ಕೇಳುತ್ತಾರೆ. ನೀವು ಬಯಸುವಷ್ಟು ಕೇಳಿಲ್ಲ, ಅಷ್ಟೇ.

ಮ್ಯಾಂಚೆಸ್ಟರ್ ಕನ್ನಡಿಗ:

ಇಲ್ಲಿ ಬಂದು ನೆಲೆಸಿದವನು ನಾನು, ಬೆಕ್‌ಹ್ಯಾಮ್ ಆಡಿದ ಮ್ಯಾಂಚೆಸ್ಟರ್ ಯುನೈಟೆಡ್ ತಂಡದ ಅಭಿಮಾನಿ. ಈ ಊರಿನವರಿಗೆ ಆ ಸರಣಿಯಲ್ಲಿ ಹೊಸ ವಿಷಯ ಕಡಿಮೆ. 1996ರಲ್ಲಿ ವಿಂಬಲ್ಡನ್ ವಿರುದ್ಧ ಅರ್ಧ ಮೈದಾನದಿಂದ ಹೊಡೆದ ಗೋಲು, 2001ರಲ್ಲಿ ಯುನೈಟೆಡ್‌ನ ಮೈದಾನ ಓಲ್ಡ್ ಟ್ರಾಫರ್ಡ್‌ನಲ್ಲೇ ಗ್ರೀಸ್ ವಿರುದ್ಧ ಕೊನೇ ಗಳಿಗೆಯ ಫ್ರೀ ಕಿಕ್, 2003ರಲ್ಲಿ ಫರ್ಗ್ಯುಸನ್ ಒದ್ದ ಬೂಟು ಹಾರಿ ಬಂದು ಹುಬ್ಬಿಗೆ ತಾಗಿದ್ದು, ಆ ಬೇಸಿಗೆಯಲ್ಲೇ ರಿಯಲ್ ಮ್ಯಾಡ್ರಿಡ್‌ಗೆ ಹೋಗಿದ್ದು. ಎಲ್ಲ ಬಾಯಿಪಾಠ.

ಆದರೂ ಹಳೇ ಅಭಿಮಾನಿಗಳು ಕೂತು ನೋಡಿದರು. ಆ ಗ್ರೀಸ್ ಗೋಲಿಗೂ 1998ರ ದ್ವೇಷಕ್ಕೂ ಏನು ಸಂಬಂಧ ಅಂತ ಅಂಕಿಅಂಶದಲ್ಲಿ ಕಾಣುವುದಿಲ್ಲ. ಮೂರು ವರ್ಷ ಬೈದ ಜನರ ಮುಂದೆಯೇ ಅವರು ಆ ಚೆಂಡು ಒದೆಯಬೇಕಿತ್ತು. ಆ ಕಿಕ್‌ನಿಂದಲೇ ಇಂಗ್ಲೆಂಡ್ 2002ರ ವಿಶ್ವಕಪ್‌ಗೆ ಹೋಯಿತು. ಸರಣಿ ಅದನ್ನು ಕಥೆಯಾಗಿ ಕಟ್ಟುತ್ತದೆ. ಆಟದ ತಂತ್ರ ಬೇಕಿದ್ದವರಿಗೆ ಇದು ಸಾಲುವುದಿಲ್ಲ. ಅವರ ಕ್ರಾಸ್ ಯಾಕೆ ಅಷ್ಟು ನಿಖರ, ಬಲಗಾಲಿನ ಆ ತಿರುವು ಹೇಗೆ, ಅದರ ಬಗ್ಗೆ ಇನ್ನೂ ಇರಬೇಕಿತ್ತು. ನಟ ನಿರ್ದೇಶಕ ಮುಖದ ಕಡೆ ನೋಡುವಾಗ ಕಾಲನ್ನು ಮರೆಯುತ್ತಾನೆ ಅನ್ನುವುದು ನನ್ನ ದೂರು.

ಅಂದಹಾಗೆ ಸರಣಿ ಬಂದ ಮರು ತಿಂಗಳೇ, 2023ರ ನವೆಂಬರ್ 15ರಂದು, ಅವರು ಯುನಿಸೆಫ್ ರಾಯಭಾರಿಯಾಗಿ ಭಾರತಕ್ಕೆ ಬಂದಾಗ ವಾಂಖೆಡೆಯಲ್ಲಿ ಭಾರತ-ನ್ಯೂಜಿಲೆಂಡ್ ಸೆಮಿಫೈನಲ್ ನೋಡಿದರು, ಸಚಿನ್ ಜೊತೆ. ಈ ಸರಣಿ ನೋಡಿಯೇ ಅವರನ್ನು ಗುರುತಿಸಿದ ಹುಡುಗರು ಅಲ್ಲಿ ತುಂಬಾ ಇದ್ದಿರಬೇಕು.

ಶಿರಸಿ ಮಳೆ:

ಬೇರೆ ನಟರ ಹೆಸರೂ ಬರಲಿ. ಅಮೆರಿಕದ ಇಎಸ್‌ಪಿಎನ್ 2009ರಲ್ಲಿ '30 ಫಾರ್ 30' ಅನ್ನುವ ಸರಣಿ ಶುರು ಮಾಡಿದಾಗ ಮೊದಲ ಚಿತ್ರ ನಟ ನಿರ್ದೇಶಕ ಪೀಟರ್ ಬರ್ಗ್ ಅವರದು. ಐಸ್ ಹಾಕಿಯ ವೇಯ್ನ್ ಗ್ರೆಟ್‌ಸ್ಕಿ 1988ರಲ್ಲಿ ಎಡ್ಮಂಟನ್ ಬಿಟ್ಟು ಲಾಸ್ ಏಂಜಲೀಸ್‌ಗೆ ಹೋದ ಕಥೆ. 2010ರಲ್ಲಿ ರ್‍ಯಾಪರ್, ನಟ ಐಸ್ ಕ್ಯೂಬ್ ತಮ್ಮೂರಿನ ಅಮೆರಿಕನ್ ಫುಟ್‌ಬಾಲ್ ತಂಡ ರೈಡರ್ಸ್ ಬಗ್ಗೆ ಮಾಡಿದರು. 2014ರಲ್ಲಿ ನಟ ಮೈಕೆಲ್ ರಾಪಪೋರ್ಟ್ ಬಾಸ್ಕೆಟ್‌ಬಾಲ್ ತಂಡ ನ್ಯೂಯಾರ್ಕ್ ನಿಕ್ಸ್ ಬಗ್ಗೆ.

ಇವುಗಳಲ್ಲಿ ನನಗೆ ಐಸ್ ಕ್ಯೂಬ್ ಅವರದ್ದು ತುಂಬಾ ಹಿಡಿಸಿತು. ಆ ತಂಡದ ಟೋಪಿ, ಜಾಕೆಟ್ ಹಾಕಿಕೊಂಡೇ ಅವರ ಎನ್‌ಡಬ್ಲ್ಯೂಎ ರ್‍ಯಾಪ್ ಗುಂಪು ಹೆಸರಾಗಿದ್ದು. ಹಾಗಾಗಿ ಹೊರಗೆ ನಿಂತು ಹೇಳುವ ಹಾಗೇ ಇಲ್ಲ. ತಾವೇ ಆ ಕಥೆಯ ಪಾತ್ರ. ನಮ್ಮಲ್ಲೂ ಹೀಗೆ ಊರಿನ ಆಟದ ಜೊತೆ ಬೆಳೆದ ನಟರು ಇಲ್ಲವಾ? ಸೆಲೆಬ್ರಿಟಿ ಕ್ರಿಕೆಟ್ ಲೀಗ್ 2011ರಲ್ಲಿ ಶುರುವಾಯಿತು, ಸುದೀಪ್ ನಾಯಕತ್ವದಲ್ಲಿ ನಮ್ಮ ನಟರು ಎಷ್ಟು ಆಸೆಯಿಂದ ಆಡುತ್ತಾರೆ! ಆ ಪ್ರೀತಿಯ ಒಂದು ಪಾಲು ಕ್ಯಾಮೆರಾ ಹಿಂದೆ ಬಂದರೆ ಸಾಕು.

ನಟರು ಡಾಕ್ಯುಮೆಂಟರಿ ಮಾಡುವುದು ನಮಗೆ ಹೊಸದೇನಲ್ಲ ಅನ್ನುವುದನ್ನೂ ಹೇಳಿಬಿಡುತ್ತೇನೆ. ಗಿರೀಶ ಕಾರ್ನಾಡರು ಬೇಂದ್ರೆಯವರ ಬಗ್ಗೆ ಮಾಡಿದರು, ಕನಕ ಪುರಂದರರ ಬಗ್ಗೆ ಮಾಡಿದರು. ಕವಿಗಳಿಗೆ ಸಿಕ್ಕ ಆ ಗೌರವ ಆಟಗಾರರಿಗೆ ಯಾಕೆ ಸಿಗಬಾರದು?

ಗೂಗ್ಲಿ:

ಈಗ ನನ್ನ ಮನಸ್ಸಿನ ವಿಷಯಕ್ಕೆ ಬಂದಿರಿ.

1974ರ ರಣಜಿ ಸೆಮಿಫೈನಲ್. ಬೆಂಗಳೂರು. ಎದುರಿಗೆ ಬಾಂಬೆ. ಹದಿನೈದು ವರ್ಷ ಸತತವಾಗಿ ಗೆದ್ದ ತಂಡ. ವಿಶ್ವನಾಥ್ ಶತಕ, ಬ್ರಿಜೇಶ್ ಪಟೇಲ್ ಶತಕ. ಪ್ರಸನ್ನ ಅವರ ಎಸೆತಕ್ಕೆ ಗಾವಸ್ಕರ್ ಬೌಲ್ಡ್. ವಾಡೇಕರ್ ರನೌಟ್. ಮೊದಲ ಇನಿಂಗ್ಸ್ ಲೀಡ್ ಮೇಲೆ ಕರ್ನಾಟಕ ಫೈನಲ್‌ಗೆ ಹೋಯಿತು. ಅಲ್ಲಿ ರಾಜಸ್ಥಾನವನ್ನು ಸೋಲಿಸಿ ಮೊದಲ ಸಲ ರಣಜಿ ಗೆದ್ದಿತು. ಕರ್ನಾಟಕ ಅನ್ನುವ ಹೆಸರು ರಾಜ್ಯಕ್ಕೆ ಬಂದು ಆಗ ತಿಂಗಳುಗಳಷ್ಟೇ ಆಗಿತ್ತು, ಅದನ್ನೂ ನೆನಪಿಡಿ.

ಈ ಪಂದ್ಯದ ಬಗ್ಗೆ ಒಂದು ಪೂರ್ತಿ ಡಾಕ್ಯುಮೆಂಟರಿ ಮಾಡಬಹುದು. ಮಾಡಲೇಬೇಕು. ಆದರೆ ಆಗ ಬೆಂಗಳೂರಿಗೆ ಟಿವಿ ಇನ್ನೂ ಬಂದೇ ಇರಲಿಲ್ಲ. ಜನ ಕೇಳಿದ್ದು ರೇಡಿಯೊದಲ್ಲಿ. ಕಪಾಡಿಯಾ ಅವರ ದಾರಿಯಲ್ಲಿ ಹೋಗಲು ನಮ್ಮ ಹತ್ತಿರ 500 ಗಂಟೆ ಬಿಡಿ, ಬೇಕಾದಷ್ಟು ನಿಮಿಷಗಳೇ ಇಲ್ಲ.

ಹಾಗಾಗಿ, ಮೇಲೆ ಅಷ್ಟೆಲ್ಲ ಜಗಳ ಆಡಿದರೂ, ನಮಗೆ ಸ್ಟೀವನ್ಸ್ ಅವರ ದಾರಿಯೇ ಸರಿ ಅಂತ ನಾನೂ ಹೇಳುತ್ತೇನೆ. ನಮ್ಮಲ್ಲಿ ಉಳಿದಿರುವುದು ಮನುಷ್ಯರು. ಅವರ ಮುಖ, ಅವರ ನೆನಪು. ಆ ತಂಡದವರೆಲ್ಲ ಈಗ ಎಪ್ಪತ್ತು ದಾಟಿದವರು. ಪ್ರಸನ್ನ ಹುಟ್ಟಿದ್ದು 1940ರಲ್ಲಿ. ಇದು ನಿಧಾನವಾಗಿ ಯೋಚಿಸುವ ಕೆಲಸವಲ್ಲ.

ಎಡಿಟ್ ಟೇಬಲ್:

ಗೂಗ್ಲಿ ಅವರೇ, ಒಂದು ತೊಡಕಿದೆ. ಸ್ಟೀವನ್ಸ್ ಉಪಾಯಕ್ಕೂ ಫುಟೇಜ್ ಬೇಕು. ನೋಡಲು ಏನಾದರೂ ಇದ್ದರೆ ತಾನೆ ಮುಖದಲ್ಲಿ ಏನಾದರೂ ಮೂಡುವುದು?

ಚಂದ್ರಶೇಖರ್ 1971ರಲ್ಲಿ ಓವಲ್‌ನಲ್ಲಿ 38 ರನ್ನಿಗೆ 6 ವಿಕೆಟ್ ತೆಗೆದದ್ದು ಫುಟೇಜಿನಲ್ಲಿ ಇದೆ. ಆದರೆ ಅದು ಇಂಗ್ಲೆಂಡಿನಲ್ಲಿದೆ. ಅಂಥ ತುಣುಕಿಗೆ ಇಷ್ಟು ಸೆಕೆಂಡಿಗೆ ಇಷ್ಟು ದುಡ್ಡು ಅಂತ ಕಟ್ಟಬೇಕು. ಕನ್ನಡದ ಡಾಕ್ಯುಮೆಂಟರಿಯ ಪೂರ್ತಿ ಬಜೆಟ್ಟು ಅಲ್ಲೇ ಖರ್ಚಾಗಿಬಿಡುತ್ತದೆ. ಈ ಕೆಲಸದಲ್ಲಿ ಇರುವ ಎಲ್ಲರೂ ಮೊದಲು ಮುಗ್ಗರಿಸುವುದು ಇಲ್ಲೇ.

ಹಾಗಂತ ದಾರಿ ಇಲ್ಲ ಅಂತಲ್ಲ. ಪೋಲಿಯೊದಿಂದ ಸೊರಗಿದ ಅದೇ ಬಲಗೈಯಲ್ಲಿ ಚಂದ್ರ ಅವರು ಚೆಂಡು ಹಿಡಿಯುವುದನ್ನು ಇವತ್ತು ಶೂಟ್ ಮಾಡಿ. ವಿಶ್ವನಾಥ್ ಮತ್ತು ಪ್ರಸನ್ನ ಇಬ್ಬರನ್ನೂ ಒಟ್ಟಿಗೆ ಕೂರಿಸಿ, ಆ ಸೆಮಿಫೈನಲ್ ಸ್ಕೋರ್ ಕಾರ್ಡ್ ಕೈಗೆ ಕೊಡಿ. ಪ್ರಶ್ನೆ ಕೇಳಬೇಡಿ. ಹಳೇ ಗೆಳೆಯರು ತಾವೇ ಒಬ್ಬರನ್ನೊಬ್ಬರು ತಿದ್ದುತ್ತಾ ಹೋಗುತ್ತಾರೆ. ಆ ತಿದ್ದುವಿಕೆಯಲ್ಲೇ ಚಿತ್ರ ಇದೆ. ಇದನ್ನು ಹಿಡಿಯಲು ತಾಳ್ಮೆಯಿಂದ ಕೇಳಿಸಿಕೊಳ್ಳುವವರು ಬೇಕು. ರಂಗಭೂಮಿಯಿಂದ ಬಂದ ನಟರು ನಮ್ಮಲ್ಲಿ ಎಷ್ಟೊಂದು ಜನ ಇದ್ದಾರೆ, ಅವರಿಗೆ ಇದು ಬರುತ್ತದೆ.

ಆಸ್ಟಿನ್ ಟೌನ್ ಫುಟ್‌ಬಾಲ್:

ಎಲ್ಲರೂ ಕ್ರಿಕೆಟ್‌ಗೇ ಹೋದಿರಿ. ಚರ್ಚೆ ಶುರುವಾಗಿದ್ದು ಫುಟ್‌ಬಾಲಿನಿಂದ ಅಲ್ವಾ?

ಮೈಸೂರು ರಾಜ್ಯ ನಾಲ್ಕು ಸಲ ಸಂತೋಷ್ ಟ್ರೋಫಿ, ಅಂದರೆ ರಾಜ್ಯ ತಂಡಗಳ ಫುಟ್‌ಬಾಲ್ ಪಂದ್ಯಾವಳಿ, ಗೆದ್ದಿತ್ತು. ಕೊನೆಯದು 1968-69ರಲ್ಲಿ. ಆಮೇಲೆ 54 ವರ್ಷ ಏನೂ ಇಲ್ಲ. 2023ರ ಮಾರ್ಚ್ 4ರಂದು ಸೌದಿಯ ರಿಯಾದ್‌ನಲ್ಲಿ ಕರ್ನಾಟಕ 3-2ರಿಂದ ಮೇಘಾಲಯವನ್ನು ಸೋಲಿಸಿ ಮತ್ತೆ ಗೆದ್ದಿತು. ಇಂಥ ಕಥೆಯನ್ನು ಬೇರೆ ದೇಶದವರು ಬಿಟ್ಟಿರುತ್ತಿದ್ದರಾ? ಒಂದು ಕಡೆ ಅರವತ್ತರ ದಶಕದ ಆಟಗಾರರು. ಇನ್ನೊಂದು ಕಡೆ ಮೊನ್ನೆ ಗೆದ್ದ ಹುಡುಗರು. ಅವರಿಬ್ಬರನ್ನು ಒಂದೇ ಮೈದಾನಕ್ಕೆ ಕರೆದರೆ ಸಾಕು, ಚಿತ್ರ ತಾನಾಗಿ ನಡೆಯುತ್ತದೆ.

ಬೆಂಗಳೂರಿನಲ್ಲಿ ನಮ್ಮ ಕಡೆ ಆಸ್ಟಿನ್ ಟೌನ್, ಗೌತಮಪುರದ ಬೀದಿಗಳಲ್ಲಿ ಹಳೇ ಆಟಗಾರರ ಹೆಸರನ್ನು ಜನ ಇವತ್ತಿಗೂ ಮನೆಮಂದಿಯ ಹೆಸರಿನ ಹಾಗೆ ಹೇಳುತ್ತಾರೆ. ಇಲ್ಲಿ ತಮಿಳು, ಕನ್ನಡ, ಉರ್ದು ಎಲ್ಲ ಬೆರೆತ ಮಾತು. ಸ್ಟುಡಿಯೋಗೆ ಕರೆಸಿ ಶುದ್ಧ ಕನ್ನಡದಲ್ಲಿ ಮಾತಾಡಿ ಅಂದರೆ ಅವರು ಬಾಯಿ ಬಿಡುವುದಿಲ್ಲ. ಮೈದಾನದ ಪಕ್ಕದ ಕಟ್ಟೆಯ ಮೇಲೆ ಕೂತು ಕೇಳಬೇಕು.

ಗೂಗ್ಲಿ ಅವರ ಭಯ ಇಲ್ಲಿ ಇಲ್ಲವೇ ಇಲ್ಲ, ಅದನ್ನೂ ಗಮನಿಸಿ. ಈ ಆಟಗಾರರಿಗೆ ಸ್ವಂತ ನಿರ್ಮಾಣ ಸಂಸ್ಥೆಯೂ ಇಲ್ಲ, ಕಾಪಾಡಿಕೊಳ್ಳಬೇಕಾದ ಬ್ರಾಂಡೂ ಇಲ್ಲ. ನಿರ್ದೇಶಕ ಏನು ಬೇಕಾದರೂ ಕೇಳಬಹುದು. ಯಾಕೆ ಬೆಳೆಯಲಿಲ್ಲ, ಸರ್ಕಾರಿ ಕಾರ್ಖಾನೆಗಳ ತಂಡಗಳು ಸೊರಗಿದ ಮೇಲೆ ಕೆಲಸಕ್ಕೆ ಏನು ಮಾಡಿದರು, ಮಕ್ಕಳನ್ನು ಆಟಕ್ಕೆ ಕಳಿಸಿದರಾ ಇಲ್ಲವಾ. ಎಲ್ಲ.

ಮ್ಯಾಂಚೆಸ್ಟರ್ ಕನ್ನಡಿಗ:

ಆಸ್ಟಿನ್ ಟೌನ್ ಅವರೇ, ಇದನ್ನು ಯಾರಾದರೂ ಮಾಡಿದರೆ ಇಲ್ಲಿನ ಕನ್ನಡ ಸಂಘದವರು ಒಂದು ಪ್ರದರ್ಶನ ಇಡಲು ನಾನು ಒಪ್ಪಿಸುತ್ತೇನೆ. ಆದರೆ ದಯವಿಟ್ಟು ಗೋಲು ಹೇಗೆ ಬಂತು ಅನ್ನುವುದನ್ನೂ ತೋರಿಸಿ. ಬರೀ ಮುಖ ಬೇಡ.

ಕಡೇ ಬೆಂಚು:

ಎರಡೂ ಇರಲಿ.

ಗೂಗ್ಲಿ ಅವರೇ, ನೀವು ರಣಜಿ ಪಂದ್ಯದ ಬಗ್ಗೆ ಬರೆದದ್ದನ್ನು ಬೇರೆ ಚರ್ಚೆಯಾಗಿ ಹಾಕುತ್ತೀರಾ? ಆ ಪಂದ್ಯವನ್ನು ಮೈದಾನದಲ್ಲಿ ಕೂತು ನೋಡಿದವರು, ರೇಡಿಯೊದಲ್ಲಿ ಕೇಳಿದವರು ಇಲ್ಲಿನ ಓದುಗರ ಮನೆಗಳಲ್ಲಿ ಖಂಡಿತ ಇದ್ದಾರೆ. ಅವರು ಹೇಳಿದ್ದನ್ನು ಮೊಬೈಲಿನಲ್ಲೇ ರೆಕಾರ್ಡ್ ಮಾಡಿ ಇಟ್ಟುಕೊಳ್ಳಿ. ಮಾತಾಡುವಾಗ ಮಧ್ಯೆ ಬಾಯಿ ಹಾಕಬೇಡಿ, ಫೋನನ್ನು ಅಡ್ಡಡ್ಡ ಹಿಡಿಯಿರಿ, ಫ್ಯಾನ್ ಆರಿಸಿ. ಎಡಿಟ್ ಟೇಬಲ್ ಸರ್, ಇನ್ನೇನಾದರೂ ಇದ್ದರೆ ಸೇರಿಸಿ.

ಎಡಿಟ್ ಟೇಬಲ್:

ಕಿಟಕಿಯ ಕಡೆ ಅವರ ಮುಖ ಇರಲಿ, ಬೆನ್ನಲ್ಲ. ಮಾತು ಮುಗಿಯಿತು ಅಂತ ತಕ್ಷಣ ನಿಲ್ಲಿಸಬೇಡಿ, ಇನ್ನೊಂದು ನಿಮಿಷ ಹಾಗೇ ಓಡಲಿ. ಹಳೇ ಫೋಟೊ, ಟಿಕೆಟ್, ಪೇಪರ್ ಕಟಿಂಗ್ ಸಿಕ್ಕರೆ ಸ್ಕ್ಯಾನ್ ಮಾಡಿ, ಯಾರ ಹತ್ತಿರ ಸಿಕ್ಕಿತು ಅಂತ ಜೊತೆಗೇ ಬರೆದಿಡಿ. ನಾಳೆ ಯಾವ ನಟ, ಯಾವ ನಿರ್ದೇಶಕ ಈ ಕೆಲಸಕ್ಕೆ ಬಂದರೂ ಅವರಿಗೆ ಮೊದಲು ಬೇಕಾಗುವುದು ಇದೇ.